ಕಾಣದ ಕೈಯ ಕೆಲಸ

ಚಲಚ್ಚಿತ್ರವನ್ನು ನೋಡಿ ಮನೆಗೆ ಬಂದವರು ನಟನಟಿಯರ ಮಾತನ್ನಾಡುವರು. ಕೊಂಚ ತಿಳಿದವರು ನಿರ್ದೇಶಕನನ್ನು ಸ್ಮರಿಸುವರು. ಸಂಕಲನಕಾರನ ಹೆಸರನ್ನೆತ್ತುವವರು ವಿರಳ. ಚಿತ್ರೀಕರಿಸಿದ ತುಣುಕುಗಳಲ್ಲಿ ಬೇಕಾದುದನ್ನು ಆರಿಸಿ, ಬೇಡವಾದುದನ್ನು ಕತ್ತರಿಸಿ, ಉಳಿದುದನ್ನು ಕ್ರಮವಾಗಿ ಜೋಡಿಸತಕ್ಕವನೇ ಅವನು. ಫಿಲ್ಮಿನ ಕಾಲದಲ್ಲಿ ಅಡಿಗೆ 16 ಚಿತ್ರಗಳು, ಸೆಕೆಂಡಿಗೆ 24. ಎರಡು ಗಂಟೆಯ ಕಥೆಗೆ 10,800 ಅಡಿ. ಈಗ ಕತ್ತರಿಯ ಸ್ಥಾನಕ್ಕೆ ಕಂಪ್ಯೂಟರು ಬಂದಿದೆ. ವಿವೇಚನೆಯ ಭಾರ ಮಾತ್ರ ಇಳಿದಿಲ್ಲ.

ಸಂಸ್ಕೃತವನ್ನು ಕಲಿಸುತ್ತ ಆಯುಷ್ಯವನ್ನು ಸವೆಸಿದ ನಮಗೆ ಈ ವಿದ್ಯೆಯು ಸಂಧಿಪ್ರಕರಣದಂತೆ ತೋರುವುದು. ಅಕಾರಕ್ಕೆ ಇಕಾರವು ಪರವಾದರೆ ಎರಡೂ ಹೋಗಿ ಏಕಾರವೊಂದು ಹುಟ್ಟುವುದಷ್ಟೆ. ಹಾಗೆಯೇ ನಿರ್ವಿಕಾರವಾದ ಒಂದು ಮುಖದ ಬಳಿಕ ಆಹಾರದ ಬಟ್ಟಲನ್ನು ತೋರಿಸಿದರೆ ಆ ಮುಖದಲ್ಲಿ ಹಸಿವು ಕಾಣುವುದು. ಶವವನ್ನು ತೋರಿಸಿದರೆ ಶೋಕ ಕಾಣುವುದು. ರಷ್ಯದ ಕುಲೆಷೋವ್ ಎಂಬಾತನ ಹೆಸರಿನಿಂದ ಪ್ರಸಿದ್ಧವಾದ ತತ್ತ್ವವಿದು.

ಈ ಕಸುಬಿಗೆ ಬಂಗಾಳದ ದುಲಾಲ ದತ್ತರು ಉತ್ತಮ ನಿದರ್ಶನ. 1955ರ ‘ಪಥೇರ್ ಪಾಂಚಾಲಿ’ಯಿಂದ 1991ರ ‘ಆಗಂತುಕ್’ವರೆಗೆ ಸತ್ಯಜಿತ್ ರಾಯರ ಕಥಾಚಿತ್ರಗಳನ್ನೆಲ್ಲ ಸಂಕಲಿಸಿದವರು ಅವರೇ. ಮೊದಲನೆಯ ಚಿತ್ರಕ್ಕೆ ದೊಡ್ಡ ಬಂಡವಾಳದ ಆಸರೆಯಿರಲಿಲ್ಲ. 1952ರಲ್ಲಿ ಆರಂಭವಾದ ಕೆಲಸವು ಹಣವಿಲ್ಲದೆ ಮತ್ತೆ ಮತ್ತೆ ನಿಂತಿತು. ರಾಯರ ಪತ್ನಿಯ ಒಡವೆಗಳು ಒತ್ತೆಗೆ ಹೋದವು. ಕಡೆಗೆ ಪಶ್ಚಿಮ ಬಂಗಾಳದ ಸರ್ಕಾರವು ಹಣ ಕೊಟ್ಟಿತು. 1955ರ ಮೇ ತಿಂಗಳ ನ್ಯೂಯಾರ್ಕ್ ಪ್ರದರ್ಶನಕ್ಕೆ ಚಿತ್ರವನ್ನು ಒದಗಿಸುವುದಕ್ಕಾಗಿ ಹಗಲಿರುಳೆನ್ನದೆ ದುಡಿಯಬೇಕಾಯಿತು.

ಆ ಚಿತ್ರದಲ್ಲಿ ಪರಸ್ಥಳದಿಂದ ಬಂದ ತಂದೆಯು ಮಗಳು ತೀರಿದುದನ್ನರಿಯದೆ ಅವಳಿಗೆ ತಂದ ಸೀರೆಯನ್ನು ತೋರಿಸುವನು. ತಾಯಿ ಕುಸಿದು ಅಳುವಳು. ಅಳುವಿನ ದನಿ ನಮಗೆ ಕೇಳಿಸದು, ತಾರ್ ಶಹನಾಯಿಯ ತಾರಸ್ವರ ಮಾತ್ರ ಕೇಳಿಸುವುದು. ಹೆಣ್ಣುಮಕ್ಕಳನ್ನು ಸಾಕಿದ ನಾವು ಅಲ್ಲಿ ಕಣ್ಣೊರೆಸಿಕೊಂಡೆವು. ಇದರ ಕಲ್ಪನೆ ರಾಯರದಿರಬಹುದು; ಆದರೆ ಯಾವ ಕ್ಷಣದವರೆಗೆ ಮುಖವನ್ನು ನಿಲ್ಲಿಸಬೇಕು, ಯಾವಾಗ ಬಿಡಬೇಕು ಎಂಬ ಲೆಕ್ಕ ತಪ್ಪಿದರೆ ಕಲ್ಪನೆಯು ಕಲ್ಪನೆಯಾಗಿಯೇ ಉಳಿಯುವುದು. ದತ್ತರು 2010ರಲ್ಲಿ ಕಾಲವಾದರು. ರಾಯರ ಹೆಸರನ್ನು ಬಲ್ಲ ಲಕ್ಷಾಂತರ ಜನರಲ್ಲಿ ಇವರ ಹೆಸರನ್ನು ಬಲ್ಲವರು ಎಷ್ಟು ಮಂದಿ?

ನಮ್ಮಲ್ಲಿ ಓದಿದ ಗೃಹಸ್ಥರೊಬ್ಬರು ಈಚೆಗೆ ಬಂದು, ‘ಮೇಷ್ಟ್ರೇ, ಮಗಳು ಪುಣೆಗೆ ಹೋಗಿ ಸಂಕಲನವನ್ನು ಕಲಿಯುವೆನೆಂದು ಹಟ ಹಿಡಿದಿದ್ದಾಳೆ, ತಾವಾದರೂ ಬುದ್ಧಿ ಹೇಳಬೇಕು’ ಎಂದರು. ಅಲ್ಲಿ ಪ್ರಭಾತ್ ಸ್ಟುಡಿಯೋದ ಆವರಣದಲ್ಲಿ 1960ರಲ್ಲಿ ಸ್ಥಾಪಿತವಾದ ಸಂಸ್ಥೆಯಿರುವುದು. ನಮ್ಮ ಗಿರೀಶ ಕಾಸರವಳ್ಳಿಯವರು ಕಲಿತುದೂ ಅಲ್ಲಿಯೇ. ಹುಡುಗಿಯನ್ನು ಕರೆಯಿಸಿ ಮುಚ್ಚುಮರೆಯಿಲ್ಲದೆ ಹೇಳಿದೆವು: ‘ಅಲ್ಪ ಬಂಡವಾಳದ ಚಿತ್ರಗಳಲ್ಲಿ ಸಂಬಳ ಅಲ್ಪ, ಅದೂ ಅನಿಶ್ಚಿತ, ಹೆಸರಂತೂ ಇನ್ನೊಬ್ಬರದು. ಬಿಸಿಲಿನಲ್ಲಿ ಹತ್ತು ಜನರು ಬೆವರು ಸುರಿಸಿ ತೆಗೆದ ದೃಶ್ಯ ಚೆಲುವಾಗಿದ್ದರೂ ಕಥೆಗೆ ಬೇಡವಾದರೆ ತೆಗೆದುಹಾಕಬಲ್ಲೆಯಾ, ತಾಯಿ?’ ಅವಳು ಕೊಂಚ ಯೋಚಿಸಿ, ‘ಸಂಕಟವಾಗುತ್ತದೆ, ಆದರೂ ತೆಗೆಯುತ್ತೇನೆ’ ಎಂದಳು.

ಆ ಎರಡು ಮಾತುಗಳೂ ಸರಿಯಾಗಿದ್ದುವು. ಸಂಕಟವಾಗದವನು ಕಟುಕ, ತೆಗೆಯಲಾರದವನು ಸಂಗ್ರಾಹಕ. ‘ಮದುವೆಗೆಂದು ಕೂಡಿಟ್ಟುದರಲ್ಲಿ ಒಂದು ಪಾಲನ್ನು ಇದಕ್ಕೆ ಕೊಡಿ, ಕಲಿತು ಬಂದ ಮೇಲೆ ಎರಡು ವರ್ಷ ಮನೆಯಲ್ಲಿ ಅನ್ನವಿಟ್ಟು, ಸಂಪಾದನೆಯೆಷ್ಟೆಂದು ಕೇಳದಿರಿ’ ಎಂದು ತಂದೆಗೆ ಹೇಳಿ ಕಳುಹಿಸಿದೆವು.