ಗೂಳಿಯೇ ವಾಸಿ

ಎಂಬತ್ತರ ದಶಕದಲ್ಲಿ ಬೆಂಗಳೂರಿನ ಫಿಲ್ಮ್ ಸೊಸೈಟಿಗೆ ಹೋಗುತ್ತಿದ್ದ ನಮ್ಮ ಗುಂಪಿಗೆ ಸಂಜೆಯೆಂದರೆ 16 ಎಂಎಂ ಪ್ರೊಜೆಕ್ಟರಿನ ಕಟಕಟ, ರೀಲು ಬದಲಿಸುವ ಹೊತ್ತಿನ ಹರಟೆ, ಆಮೇಲೆ ಬೈಟು ಕಾಫಿ. ದೊಡ್ಡ ಚಿತ್ರಕ್ಕೆ ಮುಂಚೆ ಒಂದು ಕಿರುಚಿತ್ರ ಇರುತ್ತಿತ್ತು. ಹಾಗೆ ನಮ್ಮ ಪಾಲಿಗೆ ಬಂದದ್ದು ಲೋಟೆ ರೈನಿಗರ್ ಅವರ ‘ಕಾರ್ಮೆನ್’, 1933ರ ಜರ್ಮನ್ ನೆರಳುಚಿತ್ರ. ಹತ್ತು ನಿಮಿಷವೂ ಹಿಡಿಯದ ಆಟ.

ಚಿತ್ರಕ್ಕೆ ಮೂಲವಾದ ಸಂಗೀತಕಾರ ಬಿಜೆಯ ಆಪೆರಾದಲ್ಲಿ ಸೈನಿಕ ಹೋಸೆಗೂ ಗೂಳಿಕಾಳಗದ ಎಸ್ಕಮಿಯೋಗೂ ಕಾರ್ಮೆನ್ ಒಬ್ಬಳ ಮೇಲೇ ಮನಸ್ಸು. ಹೊಟ್ಟೆಕಿಚ್ಚಿಗೆ ಹೋಸೆ ಅವಳನ್ನು ಇರಿದು ಕೊಲ್ಲುತ್ತಾನೆ. ರೈನಿಗರ್ ಅದೇ ಸಂಗೀತ ಇಟ್ಟುಕೊಂಡು ಕತೆಯನ್ನು ತಿರುವಿಹಾಕಿದರು. ಅವರ ಕಾರ್ಮೆನ್ ಸಾಯುವುದಿಲ್ಲ. ಗೂಳಿಯನ್ನೇ ಮರುಳು ಮಾಡಿ ಗೆಲ್ಲುತ್ತಾಳೆ.

ಜರ್ಮನ್ ಕಲಿಯುತ್ತಿದ್ದ ಗೆಳತಿಯೊಬ್ಬಳು ಕಾಫಿ ಆರುವವರೆಗೂ ನಮಗೆ ಒಳಗುಟ್ಟು ಹೇಳಿದಳು: ಕಪ್ಪು ಕಾಗದ, ತೆಳು ಸೀಸದ ತಗಡು ಕತ್ತರಿಸಿ ಕೈಕಾಲಿನ ಕೀಲುಗಳಿಗೆ ತಂತಿ ಕಟ್ಟುವುದು, ಕೆಳಗಿನಿಂದ ಬೆಳಕು ಬೀಳುವ ಗಾಜಿನ ಮೇಜಿನ ಮೇಲೆ ಮಲಗಿಸುವುದು, ಕೂದಲೆಳೆಯಷ್ಟು ಸರಿಸುತ್ತ ಮೇಲಿನ ಕ್ಯಾಮೆರಾದಲ್ಲಿ ಒಂದೊಂದೇ ಚಿತ್ರ ತೆಗೆಯುವುದು. ಒಂದು ಸೆಕೆಂಡಿಗೆ 24 ಚಿತ್ರ! ಕಣ್ಣಿಲ್ಲ, ಹುಬ್ಬಿಲ್ಲ, ಆದರೂ ಹೋಸೆಯ ಸಂಕಟವೆಲ್ಲ ಬಾಗಿದ ಕತ್ತಿನಲ್ಲೇ ಕಾಣುತ್ತಿತ್ತು. ನಾಜಿಗಳು ಅಧಿಕಾರಕ್ಕೆ ಬಂದ ವರ್ಷವೇ ಇಷ್ಟು ತುಂಟ ಚಿತ್ರ ಮಾಡಿದಾಕೆ, 1935ರಲ್ಲಿ ಗಂಡ ಕಾರ್ಲ್ ಕೋಖ್ ಜೊತೆ ದೇಶ ಬಿಟ್ಟರಂತೆ. ಅದನ್ನು ಕೇಳಿ ಮೇಜು ಒಂದು ಗಳಿಗೆ ತಣ್ಣಗಾಯಿತು.

ನಮ್ಮಲ್ಲೂ ಇಬ್ಬರು ಈ ಗೆಳತಿಗೆ ಸೋತವರೇ. ಒಬ್ಬ ಟಿಕೆಟಿನ ದುಡ್ಡು ಕೊಟ್ಟರೆ ಇನ್ನೊಬ್ಬ ದೋಸೆ ಕೊಡಿಸುತ್ತಿದ್ದ. ಅವತ್ತು ಇಬ್ಬರೂ ಪಟ್ಟು ಹಿಡಿದರು: ಕಾರ್ಮೆನ್‌ಗೆ ಹೋಸೆ ತಕ್ಕವನೋ, ಎಸ್ಕಮಿಯೋ? ಅವಳು ಲೋಟ ಕೆಳಗಿಟ್ಟು, “ಇಬ್ಬರಿಗಿಂತ ಗೂಳಿಯೇ ವಾಸಿ ಕಣ್ರೋ,” ಅಂದಳು. ಹೋಟೆಲಿನವರೆಲ್ಲ ತಿರುಗಿ ನೋಡುವಷ್ಟು ನಕ್ಕೆವು. ಹೆಚ್ಚು ನಕ್ಕವರು ಆ ಇಬ್ಬರೇ.

ಅವಳು ಮುಂದೆ ಓದಲು ಹೊರಟುಹೋದಳು. ಜಗಳಕ್ಕೆ ಕಾರಣ ತಪ್ಪಿ ಇವರಿಬ್ಬರೂ ಗಳಸ್ಯ ಕಂಠಸ್ಯ ಆದರು. ಈಚೆಗೆ ಒಬ್ಬನ ಮಗಳನ್ನು ಇನ್ನೊಬ್ಬನ ಮಗನಿಗೆ ಕೊಟ್ಟು ಬೀಗರೂ ಆದರು. ಮದುವೆಗೆ ಅವಳೂ ಬಂದಿದ್ದಳು. ಊಟದ ಪಂಕ್ತಿಯಲ್ಲಿ ಅವಳ ಪಕ್ಕದ ಎಲೆ ಯಾರದೆಂದು ಬೀಗರಿಬ್ಬರೂ ತಗಾದೆ ತೆಗೆದರು. ಅವಳು ಎದ್ದುಹೋಗಿ ಮದುಮಗಳ ಪಕ್ಕ ಕೂತು ಹೋಳಿಗೆ ತಿಂದಳು.