ಗುಬ್ಬಿ ಕಂಪನಿಯ ಜಯಮ್ಮ

ನಮ್ಮೂರು ಅಮೃತಾಪುರ. ತರೀಕೆರೆಯಿಂದ ಹತ್ತು ಕಿಲೋಮೀಟರು. ಹೊರಗಿನವರು ಬರೋದೇ ಅಮೃತೇಶ್ವರ ದೇವಸ್ಥಾನ ನೋಡಲಿಕ್ಕೆ, 1196ರದ್ದು. ಕವಿ ಜನ್ನ ಬರೆದ ಶಾಸನ ಅಲ್ಲಿನ ಕಲ್ಲಿನಲ್ಲಿ ಇನ್ನೂ ಇದೆ. ಎಂಟುನೂರು ವರ್ಷದ ಹಿಂದಿನ ಜನ್ನ ನಮಗೆ ಗೊತ್ತು. ಇದೇ ಜಿಲ್ಲೆಯ ಚಿಕ್ಕಮಗಳೂರಿನಲ್ಲಿ 1915ರಲ್ಲಿ ಹುಟ್ಟಿದ ಬಿ. ಜಯಮ್ಮನ ಬಗ್ಗೆ ಕೇಳಿ ನೋಡಿ.. "ಯಾವ ಜಯಮ್ಮ?" ಅಂತಾರೆ.

ನಮ್ಮಜ್ಜಿ ಹಾಗೆ ಅಂದವರಲ್ಲ. 1945ರ 'ಹೇಮರೆಡ್ಡಿ ಮಲ್ಲಮ್ಮ' ಚಿತ್ರವನ್ನು ತರೀಕೆರೆಯ ಟೆಂಟಿನಲ್ಲಿ, ನೆಲದ ಮೇಲೆ ಕೂತು ನೋಡಿದವರು ಅವರು. ಮಲ್ಲಮ್ಮ ಅಂದರೆ ಅಜ್ಜಿಗೆ ಕಡೆತನಕ ಜಯಮ್ಮನೇ. "ನಮ್ಮ ಸೀಮೆ ಹೆಣ್ಣು ಕಣೋ" ಅನ್ನುವಾಗ ಅವರಿಗೆ ಏನೋ ಹೆಮ್ಮೆ.

ಜಯಮ್ಮ ಗುಬ್ಬಿ ವೀರಣ್ಣನವರ ಕಂಪನಿಯ ನಾಯಕಿ, ಆಮೇಲೆ ಅವರ ಪತ್ನಿ. ಕಂಪನಿ ನಾಟಕ ಎಂದರೆ ಆಗ ಮುಖ್ಯವಾಗಿ ಹಾಡು. ಜನ "ಒನ್ಸ್ ಮೋರ್" ಕೂಗಿದರೆ ಕತೆಯನ್ನು ಅಲ್ಲೇ ನಿಲ್ಲಿಸಿ ಮತ್ತೆ ಹಾಡಬೇಕು! ಅಂಥ ಗಾಯಕಿ ಕ್ಯಾಮೆರಾದ ಮುಂದೆ ಬಂದದ್ದು ಯಾವಾಗ ಅಂತೀರಿ? ಮೂಕಿಚಿತ್ರದ ಕಾಲದಲ್ಲಿ. ವೀರಣ್ಣನವರ ಜೊತೆ 'ಹಿಸ್ ಲವ್ ಅಫೇರ್' (1931), ಮತ್ತೆ ವೈ.ವಿ. ರಾವ್ ನಿರ್ದೇಶಿಸಿದ 'ಹರಿಮಾಯಾ'. ಕಂಠದಿಂದ ಹೆಸರು ಮಾಡಿದವಳು, ಆದರೆ ಪರದೆಯಲ್ಲಿ ಕಂಠವೇ ಇಲ್ಲ. ಕಡೆಯ ಸಾಲಿನವನಿಗೂ ಕಾಣಲಿ ಅಂತ ಕೈ ಬೀಸಿ ಮಾಡಿದ ಅಭಿನಯ ಕ್ಯಾಮೆರಾಕ್ಕೆ ಜಾಸ್ತಿಯಾಗುತ್ತದೆ ಬೇರೆ. ಎಷ್ಟನ್ನು ಮರೆತು ಹೊಸದಾಗಿ ಕಲಿತಿರಬೇಕು! ನಮ್ಮ ದೇಶದಲ್ಲಿ ತಯಾರಾದ ಸಾವಿರಕ್ಕೂ ಮಿಕ್ಕಿದ ಮೂಕಿಚಿತ್ರಗಳಲ್ಲಿ ಉಳಿದಿರುವುದು ತೀರಾ ಕೆಲವೇ.

ಕನ್ನಡಕ್ಕೆ ಮಾತು ಬಂದದ್ದು 1934ರ 'ಸತಿ ಸುಲೋಚನ'ದಲ್ಲಿ, ನಾಯಕಿ ತ್ರಿಪುರಾಂಬ. ಮುಂದೆ ಜಯಮ್ಮ 'ಸುಭದ್ರಾ' (1941), 'ಜೀವನ ನಾಟಕ' (1942) ಮಾಡಿದರು.

ನಾನು ಪೂರ್ತಿ ಕೂತು ನೋಡಿದ್ದು ಬಿ.ಎನ್. ರೆಡ್ಡಿಯವರ ತೆಲುಗು ಚಿತ್ರ 'ಸ್ವರ್ಗಸೀಮ' (1945). ಜಯಮ್ಮ ಅದರಲ್ಲಿ ಕಲ್ಯಾಣಿ. ಗಂಡ ನಾಗಯ್ಯ ಬೀದಿಯಲ್ಲಿ ಹಾಡುವ ಹುಡುಗಿಗೆ ಮರುಳಾಗಿ ಹೆಂಡತಿ ಮಕ್ಕಳನ್ನು ಬಿಟ್ಟು ಹೋಗುತ್ತಾನೆ. ಆ ಹುಡುಗಿ ಭಾನುಮತಿ. ಪಾರಿವಾಳದ ಹಾಡಿನಿಂದ ಎಲ್ಲ ಹೆಸರೂ ಅವಳ ಪಾಲಾಯಿತು. ನ್ಯಾಯವೇ ಬಿಡಿ, ಆ ಹಾಡು ಹಾಗಿದೆ. ಆದರೆ ನನಗೆ ಹಿಡಿಸಿದ್ದು ಕಲ್ಯಾಣಿ. ಅಳುಬುರುಕಿ ಪಾತ್ರ ಅಂತ ತಳ್ಳಿಹಾಕುವುದು ಸುಲಭ, ಮಾಡಿ ತೋರಿಸುವುದು ಕಷ್ಟ. ನಾಟಕದ ಅಬ್ಬರ ಒಂದಿಷ್ಟೂ ಇಲ್ಲದೆ ಆ ಸಂಕಟವನ್ನು ಮುಖದಲ್ಲೇ ಹಿಡಿದಿಟ್ಟಿದ್ದಾರೆ. ಮಾತಿಲ್ಲದ ಚಿತ್ರಗಳಲ್ಲಿ ಕಲಿತದ್ದು ಇದೇ ಇರಬೇಕು ಅಂತ ನನ್ನ ಗುಮಾನಿ.

ಚಿತ್ರ ಯೂಟ್ಯೂಬಿನಲ್ಲಿದೆ. ಭಾನುಮತಿಯ ಹಾಡಿಗೆ ಅಂತ ಹೋಗುವವರು ದಯವಿಟ್ಟು ಕಲ್ಯಾಣಿ ಬರುವ ಭಾಗಗಳನ್ನು ಓಡಿಸಬೇಡಿ :-)