ಕಲ್ಕತ್ತೆಯ ಕಾಲ್ಚೆಂಡಿನ ಕುರುಕ್ಷೇತ್ರ

ಹುಗ್ಲಿ ನದಿಯ ಪೂರ್ವದಂಡೆಯಲ್ಲಿ, ಕಲ್ಕತ್ತ ನಗರದ ನಟ್ಟನಡುವೆ, ಕಣ್ಣು ಹಾಯುವಷ್ಟು ದೂರ ಹಬ್ಬಿದ ಹಸುರು ಬಯಲೊಂದುಂಟು. 2001ರಿಂದ ಆ ನಗರದ ಹೆಸರನ್ನು ಕೋಲ್ಕತ ಎಂದು ಬರೆಯುವುದು ರೂಢಿಯಾದರೂ ಬಯಲಿನ ಹೆಸರು ಮಾತ್ರ ಬದಲಾಗಿಲ್ಲ. ಊರಿನವರು ಅದನ್ನು ಬರಿದೆ 'ಮೈದಾನ' ಎಂದೇ ಕರೆಯುತ್ತಾರೆ. 1757ರ ಪ್ಲಾಸಿ ಕದನದ ತರುವಾಯ ಆಂಗ್ಲರು ಹೊಸ ಕೋಟೆಯನ್ನು ಕಟ್ಟಿಸಿದಾಗ, ಫಿರಂಗಿಯ ಗುಂಡಿಗೆ ಅಡ್ಡಿಯಿರಬಾರದೆಂದು ಸುತ್ತಲಿನ ಕಾಡನ್ನು ಕಡಿಸಿ ಈ ನೆಲವನ್ನು ಬಯಲು ಮಾಡಿದರು. ಫೋರ್ಟ್ ವಿಲಿಯಂ ಎಂಬ ಆ ಕೋಟೆಗೆ ಈಗ ವಿಜಯದುರ್ಗವೆಂಬ ಹೆಸರಾಗಿದೆ. ಬಯಲು ಇಂದಿಗೂ ಸೇನೆಯ ವಶದಲ್ಲಿಯೇ ಇದೆ. ಶತ್ರುವನ್ನು ಹೊಡೆದುರುಳಿಸಲೆಂದು ತೆರವು ಮಾಡಿದ ಈ ನೆಲಕ್ಕೆ ಕಾಲಕ್ರಮದಲ್ಲಿ ಇಳಿದು ಬಂದುದು ಶತ್ರುವಿನ ದಂಡಲ್ಲ, ಕಾಲ್ಚೆಂಡು.

ಎಸ್ಪ್ಲನೇಡಿನ ಜನಜಂಗುಳಿಯನ್ನು ದಾಟಿ, ಎತ್ತರವಾದ ಶಹೀದ್ ಮಿನಾರನ್ನು ಹಿಂದೆ ಬಿಟ್ಟು ನದಿಯ ಕಡೆಗೆ ಹೆಜ್ಜೆ ಹಾಕಿದರೆ, ಮರಗಳ ನೆರಳಿನಲ್ಲಿ ಕ್ಲಬ್ಬುಗಳ ಬಿಡಾರಗಳು ಒಂದೊಂದಾಗಿ ಕಾಣಿಸಿಕೊಳ್ಳುತ್ತವೆ. ಅವುಗಳಿಗೆ 'ಟೆಂಟು' ಎಂಬ ಹೆಸರೇ ಉಳಿದುಬಂದಿದೆ. ಮಣ್ಣಿನ ಕುಡಿಕೆಯಲ್ಲಿ ಚಹಾ ಮಾರುವವನು, ಮಂಡಕ್ಕಿಗೆ ಸಾಸಿವೆ ಎಣ್ಣೆ ಕಲಸಿ ಕಾಗದದ ಪೊಟ್ಟಣದಲ್ಲಿ ಕೊಡುವವನು, ಮಳೆಗಾಲದ ಕೆಸರು, ಲೀಗ್ ಪಂದ್ಯಗಳ ಮಾತು, ಇವೆಲ್ಲ ಸೇರಿ ಮೈದಾನದ ಸಂಸಾರ. ಒಂದು ಬಿಡಾರದ ಮೇಲೆ ಹಸುರು ಮತ್ತು ಕಂದುಗೆಂಪು ಬಣ್ಣದ ಬಾವುಟ. ಅದು ಮೋಹನ ಬಾಗಾನ್. ಕೂಗಳತೆಯ ದೂರದಲ್ಲಿ ಕೆಂಪು ಮತ್ತು ಹೊಂಬಣ್ಣದ ಬಾವುಟ. ಅದು ಈಸ್ಟ್ ಬೆಂಗಾಲ್. ಒಂದರ ಲಾಂಛನ ಹಾಯಿದೋಣಿ, ಇನ್ನೊಂದರದು ಉರಿಯುವ ಪಂಜು. ಈ ಎರಡು ಬಾವುಟಗಳ ನಡುವಣ ಕಲಹ ನೂರು ವರ್ಷಗಳಿಗೂ ಹಳೆಯದು.

ಬರಿಗಾಲಿನ ಗೆಲವು

ಮೋಹನ ಬಾಗಾನ್ ಹುಟ್ಟಿದ್ದು 1889ರಲ್ಲಿ. 1911ರ ಜುಲೈ 29ರಂದು ಐ.ಎಫ್.ಎ. ಷೀಲ್ಡಿನ ಅಂತಿಮ ಪಂದ್ಯದಲ್ಲಿ ಅದು ಈಸ್ಟ್ ಯಾರ್ಕ್‌ಷೈರ್ ರೆಜಿಮೆಂಟನ್ನು 2-1 ಗೋಲುಗಳಿಂದ ಸೋಲಿಸಿತು. ಬೂಟು ತೊಟ್ಟ ಸಿಪಾಯಿಗಳೆದುರು ಬಂಗಾಳದ ಹನ್ನೊಂದು ಮಂದಿಯಲ್ಲಿ ಹತ್ತು ಮಂದಿ ಬರಿಗಾಲಿನವರು. ನಾಯಕ ಶಿವದಾಸ ಭಾದುರಿ ಒಂದು ಗೋಲನ್ನೂ ಅಭಿಲಾಷ ಘೋಷ್ ಇನ್ನೊಂದನ್ನೂ ಹೊಡೆದರು. ಆಳುವವರನ್ನು ಅವರದೇ ಆಟದಲ್ಲಿ ಸೋಲಿಸಬಹುದೆಂಬ ಧೈರ್ಯ ಅಂದು ಬಂಗಾಳದ ಮನೆಮನೆಗೂ ಹರಡಿತು. ಆ ತಂಡದಲ್ಲಿ ಹಲವರು ಪೂರ್ವ ಬಂಗಾಳದ ಮೂಲದವರೆಂಬುದನ್ನು ಇಲ್ಲಿ ನೆನಪಿನಲ್ಲಿಡಬೇಕು. ಪೂರ್ವದವರು, ಪಶ್ಚಿಮದವರು ಎಂಬ ಭೇದ ಅಂದಿನ ಗೆಲವಿನಲ್ಲಿ ಇರಲಿಲ್ಲ.

ಭೇದ ತಲೆಯೆತ್ತಲು ಹೆಚ್ಚು ಕಾಲ ಹಿಡಿಯಲಿಲ್ಲ. 1920ರಲ್ಲಿ, ಪೂರ್ವದ ಆಟಗಾರರಿಗೆ ನ್ಯಾಯ ದೊರೆಯುತ್ತಿಲ್ಲವೆಂಬ ಅಸಮಾಧಾನದಿಂದ ಈಸ್ಟ್ ಬೆಂಗಾಲ್ ಕ್ಲಬ್ಬು ಸ್ಥಾಪನೆಯಾಯಿತು. 1925ರ ಮೇ 28ರಂದು ಲೀಗಿನಲ್ಲಿ ಎರಡೂ ತಂಡಗಳು ಮೊದಲ ಬಾರಿಗೆ ಎದುರಾದಾಗ ಹೊಸಬರೇ ಒಂದು ಗೋಲಿನಿಂದ ಗೆದ್ದರು. ಪಶ್ಚಿಮದ ಮೂಲನಿವಾಸಿಗಳಿಗೆ 'ಘೋಟಿ', ಎಂದರೆ ತಂಬಿಗೆ, ಎಂಬ ಅಡ್ಡಹೆಸರು; ಪೂರ್ವದಿಂದ ಬಂದವರಿಗೆ 'ಬಾಂಗಾಲ್' ಎಂಬ ಹಂಗಿಸುವ ಹೆಸರು. ಒಂದೇ ಭಾಷೆ, ಒಂದೇ ದುರ್ಗಾಪೂಜೆ, ಒಂದೇ ಅನ್ನ ಮೀನಿನ ಊಟ. ಆದರೂ ಮಾತಿನ ಧಾಟಿ ಬೇರೆ, ಒಗ್ಗರಣೆ ಬೇರೆ. ದಾಯಾದಿ ಮತ್ಸರಕ್ಕೆ ಇಷ್ಟು ಸಾಲದೆ?

ಮನೆ ಕಳೆದವರ ಮನೆ

1947ರ ದೇಶವಿಭಜನೆ ಈ ಮತ್ಸರಕ್ಕೆ ಕಣ್ಣೀರನ್ನೂ ಬೆರೆಸಿತು. ಹೊಲ, ಮನೆ, ಕೆರೆ, ತೋಟಗಳನ್ನು ಬಿಟ್ಟು ಗಡಿ ದಾಟಿ ಬಂದ ಲಕ್ಷಾಂತರ ಜನ ಸಿಯಾಲ್ದಾ ನಿಲ್ದಾಣದ ಕಟ್ಟೆಗಳ ಮೇಲೆ ರಾತ್ರಿಗಳನ್ನು ಕಳೆದರು. ಬಳಿಕ ಜಾದವಪುರ, ಬಿಜಯಗಢಗಳ ಕಡೆ ಬಿದಿರಿನ ತಡಿಕೆ ಕಟ್ಟಿ ನೆಲೆಸಿದರು. ಊರಿಲ್ಲ, ಉದ್ಯೋಗವಿಲ್ಲ, 'ಎಲ್ಲಿಂದಲೋ ಬಂದವರು' ಎಂಬ ಮಾತನ್ನು ಕೇಳದ ದಿನವಿಲ್ಲ. ಕಳೆದುಕೊಂಡ ನಾಡಿನ ಹೆಸರು ಉಳಿದಿದ್ದುದು ಒಂದು ಕಾಲ್ಚೆಂಡಿನ ತಂಡದಲ್ಲಿ ಮಾತ್ರ. ಅದು ಗೆದ್ದ ಸಂಜೆ ನಿರಾಶ್ರಿತನು ತಲೆಯೆತ್ತಿ ನಡೆಯುತ್ತಿದ್ದನು. ಈಸ್ಟ್ ಬೆಂಗಾಲ್ ಗೆದ್ದರೆ ಪೇಟೆಯಲ್ಲಿ ಇಲಿಶ್ ಮೀನಿನ ಬೆಲೆ ಏರುತ್ತದೆ, ಮೋಹನ ಬಾಗಾನ್ ಗೆದ್ದರೆ ಸೀಗಡಿಯ ಬೆಲೆ ಏರುತ್ತದೆ ಎಂಬ ಮಾತು ಕಲ್ಕತ್ತೆಯಲ್ಲಿ ಇಂದಿಗೂ ಚಾಲ್ತಿಯಲ್ಲಿದೆ.

ಹೀಗೆ ಪೂರ್ವ ಬಂಗಾಳದ ಅಭಿಮಾನವನ್ನು ಹೊತ್ತು ಮೆರೆಸಿದವರು ಯಾರು? ವೆಂಕಟೇಶ್, ಅಪ್ಪಾರಾವ್, ಧನರಾಜ್, ಅಹಮದ್ ಖಾನ್, ಸಾಲೆ. ಐವರೂ ದಕ್ಷಿಣ ಭಾರತದವರು. ಬಂಗಾಳಿಗಳು ಅವರನ್ನು 'ಪಂಚಪಾಂಡವ'ರೆಂದು ಕೊಂಡಾಡಿದರು. 1949ರಿಂದ 1951ರವರೆಗೆ ಈಸ್ಟ್ ಬೆಂಗಾಲ್ ಸತತವಾಗಿ ಮೂರು ವರ್ಷ ಷೀಲ್ಡನ್ನು ಗೆದ್ದಿತು. ಅವರಲ್ಲಿ ಅಹಮದ್ ಖಾನ್ ಬೆಂಗಳೂರಿನವರು, 1948ರ ಲಂಡನ್, 1952ರ ಹೆಲ್ಸಿಂಕಿ ಒಲಿಂಪಿಕ್ಸುಗಳಲ್ಲಿ ಭಾರತದ ಪರವಾಗಿ ಆಡಿದವರು, 2017ರಲ್ಲಿ ತೀರಿಕೊಂಡರು. ಪದ್ಮಾ ನದಿಯ ದಡವನ್ನು ಬಿಟ್ಟುಬಂದವರು ಬೆಂಗಳೂರಿನ ಹುಡುಗನ ಕಾಲಿನಲ್ಲಿ ತಮ್ಮ ಊರನ್ನು ಕಂಡರು. ಬಾವುಟದ ಹಿಂದೆ ರಕ್ತಸಂಬಂಧವನ್ನು ಹುಡುಕುವವರಿಗೆ ಇದಕ್ಕಿಂತ ದೊಡ್ಡ ಉತ್ತರ ಬೇಕಿಲ್ಲ.

ಆದರೆ ಅಭಿಮಾನವು ಮಿತಿಯನ್ನು ಅರಿಯದು. 1975ರ ಷೀಲ್ಡಿನ ಅಂತಿಮ ಪಂದ್ಯದಲ್ಲಿ ಮೋಹನ ಬಾಗಾನ್ 5-0 ಗೋಲುಗಳಿಂದ ಸೋತಿತು. ಸಿಟ್ಟಿಗೆದ್ದ ತಮ್ಮವರ ಕೈಗೆ ಸಿಕ್ಕದಿರಲೆಂದು ಸೋತ ತಂಡದ ಕೆಲವು ಆಟಗಾರರು ಆ ರಾತ್ರಿಯನ್ನು ಗಂಗೆಯ ಮೇಲೆ ದೋಣಿಯಲ್ಲಿ ಕಳೆದರೆಂಬ ಕಥೆಯನ್ನು ಮೈದಾನದಲ್ಲಿ ಈಗಲೂ ಹೇಳುತ್ತಾರೆ. ಅವಮಾನವನ್ನು ತಾಳಲಾರದೆ ಅಭಿಮಾನಿ ತರುಣನೊಬ್ಬನು ಪ್ರಾಣ ಕಳೆದುಕೊಂಡನು. ಆಟವು ಆಟವಾಗಿ ಉಳಿದಿಲ್ಲವೆಂಬುದಕ್ಕೆ ಅಂದೇ ಎಚ್ಚರಿಕೆ ಸಿಕ್ಕಿತ್ತು. ಅದನ್ನು ಕೇಳಿಸಿಕೊಂಡವರು ಕಡಿಮೆ.

ಆಗಸ್ಟ್ 16

ಮೈದಾನದ ವಾಯವ್ಯ ಮೂಲೆಯಲ್ಲಿ ಈಡನ್ ಗಾರ್ಡನ್ಸ್ ಇದೆ. ಕ್ರಿಕೆಟ್ಟಿಗೆ ಹೆಸರಾದ ಆ ಅಂಗಣದಲ್ಲಿ ಹಿಂದೆ ಕಾಲ್ಚೆಂಡಿನ ದೊಡ್ಡ ಪಂದ್ಯಗಳೂ ನಡೆಯುತ್ತಿದ್ದವು. 1980ರ ಆಗಸ್ಟ್ 16ರಂದು ಎರಡೂ ತಂಡಗಳ ಲೀಗ್ ಪಂದ್ಯ ಅಲ್ಲಿ ಏರ್ಪಟ್ಟಿತ್ತು. ಕಿಕ್ಕಿರಿದ ಜನ. ಎರಡು ಪಕ್ಷಗಳ ಅಭಿಮಾನಿಗಳು ಒಂದೇ ಗ್ಯಾಲರಿಯಲ್ಲಿ ಭುಜಕ್ಕೆ ಭುಜ ತಾಗಿಸಿ ಕುಳಿತಿದ್ದರು. ನಡುವೆ ಬೇಲಿಯಿಲ್ಲ, ಸಾಕಷ್ಟು ಪೊಲೀಸರಿಲ್ಲ. ದ್ವಿತೀಯಾರ್ಧದಲ್ಲಿ ಒಬ್ಬ ಆಟಗಾರನು ಎದುರಾಳಿಯನ್ನು ಒರಟಾಗಿ ತಡೆದನು, ಅವನು ತಿರುಗಿ ಒದ್ದನು. ರೆಫರಿ ಇಬ್ಬರನ್ನೂ ಹೊರಗೆ ಕಳುಹಿಸಿದರು. ಅಂಗಣದಲ್ಲಿ ಎದ್ದ ಕಿಡಿ ಗ್ಯಾಲರಿಗೆ ಹಾರಿತು. ಕಲ್ಲುಗಳು ತೂರಿಬಂದವು, ಹೊಡೆದಾಟ ಹಬ್ಬಿತು. ಹೆದರಿದ ಜನ ಇಕ್ಕಟ್ಟಾದ ಮೆಟ್ಟಿಲುಗಳ ಕಡೆಗೆ ಒಮ್ಮೆಲೇ ನುಗ್ಗಿದರು. ಬಿದ್ದವರು ಏಳಲಿಲ್ಲ. ಅಂದು ಸತ್ತವರು 16 ಮಂದಿ, ಬಹುಮಂದಿ ತರುಣರು.

ಆ ತಾರೀಖಿಗೆ ಕಲ್ಕತ್ತೆಯಲ್ಲಿ ಇನ್ನೊಂದು ಕರಾಳ ನೆನಪೂ ಉಂಟು. 1946ರ ಆಗಸ್ಟ್ 16ರಂದು ಇದೇ ಮೈದಾನದಲ್ಲಿ, ಅಂದು ಆಕ್ಟರ್ಲೋನಿ ಸ್ಮಾರಕವೆನಿಸಿದ್ದ ಇಂದಿನ ಶಹೀದ್ ಮಿನಾರಿನ ಬುಡದಲ್ಲಿ ಮಹಾಸಭೆ ಸೇರಿತ್ತು. ತರುವಾಯದ ದಿನಗಳಲ್ಲಿ ನಗರದ ಬೀದಿಗಳಲ್ಲಿ ಸಾವಿರಾರು ಹೆಣಗಳು ಉರುಳಿದವು. ಎರಡು ದುರಂತಗಳ ಕಾರಣ ಬೇರೆ, ಗಾತ್ರ ಬೇರೆ. ಆದರೂ ಗುಂಪು ಗುಂಪಾಗಿ ಸೇರಿದ ಮನುಷ್ಯ ಎಷ್ಟು ಬೇಗ ತನ್ನ ನೆರೆಯವನ ಮುಖವನ್ನು ಮರೆಯುತ್ತಾನೆಂಬುದನ್ನು ಈ ನಗರಕ್ಕೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ.

ಹದಿನಾರು ಮಂದಿಯ ಸಾವನ್ನು ಕುರಿತು ಮನ್ನಾ ಡೇ ಹಾಡಿದ ಹಾಡೊಂದು ಬಂಗಾಳದಲ್ಲಿ ಮನೆಮಾತಾಯಿತು. ಕನ್ನಡ ಚಿತ್ರಗಳಲ್ಲಿಯೂ ಹಾಡಿದ ಈ ಗಾಯಕರು ಕೊನೆಯ ವರ್ಷಗಳನ್ನು ಬೆಂಗಳೂರಿನಲ್ಲಿ ಕಳೆದು, 2013ರಲ್ಲಿ ಅಲ್ಲಿಯೇ ನಿಧನರಾದರು. ಪ್ರತಿವರ್ಷ ಆಗಸ್ಟ್ 16ನ್ನು ಕಲ್ಕತ್ತೆಯಲ್ಲಿ ಕಾಲ್ಚೆಂಡು ಪ್ರೇಮಿಗಳ ದಿನವೆಂದು ಆಚರಿಸಿ, ರಕ್ತದಾನ ಶಿಬಿರ ನಡೆಸುವುದು ಸಂಪ್ರದಾಯವಾಗಿದೆ.

ಬಾಗಿಲಿನ ಹೊಣೆ ಯಾರದು?

ಇಂಥ ಸಾವುಗಳಾದಾಗಲೆಲ್ಲ 'ಪುಂಡರ ಹಾವಳಿ' ಎಂಬ ಒಂದೇ ಮಾತಿನಲ್ಲಿ ವಿಷಯವನ್ನು ಮುಗಿಸಿಬಿಡುವುದು ಲೋಕದ ರೂಢಿ. ಪುಂಡರು ಇಲ್ಲವೆಂದಲ್ಲ. 1985ರ ಮೇ 29ರಂದು ಬೆಲ್ಜಿಯಂ ದೇಶದ ಬ್ರಸೆಲ್ಸ್ ನಗರದಲ್ಲಿ, ಲಿವರ್‌ಪೂಲ್ ಮತ್ತು ಯುವೆಂಟಸ್ ತಂಡಗಳ ಪಂದ್ಯಕ್ಕೆ ಮುನ್ನ, ಲಿವರ್‌ಪೂಲಿನ ಬೆಂಬಲಿಗರು ಎದುರಾಳಿಗಳ ಮೇಲೆ ಏರಿಹೋದಾಗ ಗೋಡೆ ಕುಸಿದು, ನೂಕುನುಗ್ಗಲಿನಲ್ಲಿ 39 ಮಂದಿ ಸತ್ತರು. ತಪ್ಪು ಅಲ್ಲಿ ಸ್ಪಷ್ಟವಾಗಿತ್ತು. ಆದರೆ ಗೋಡೆಯೂ ಶಿಥಿಲವಾಗಿತ್ತು. ನಾಲ್ಕು ವರ್ಷಗಳ ಬಳಿಕ ಇಂಗ್ಲೆಂಡಿನ ಹಿಲ್ಸ್‌ಬರೋದಲ್ಲಿ ಲಿವರ್‌ಪೂಲಿನ 97 ಅಭಿಮಾನಿಗಳು ಜನರ ಒತ್ತಡಕ್ಕೆ ಸಿಕ್ಕಿ ಪ್ರಾಣ ಕಳೆದುಕೊಂಡಾಗಲೂ ಬಹಳ ಕಾಲ ಬೈಗುಳ ಬಿದ್ದುದು ಸತ್ತವರ ಮೇಲೆಯೇ. ಅಭಿಮಾನಿಗಳದು ತಪ್ಪಲ್ಲ, ಪೊಲೀಸರ ವ್ಯವಸ್ಥೆಯ ಲೋಪವೆಂದು ಪಂಚಾಯತರು ತೀರ್ಪಿತ್ತದ್ದು 2016ರಲ್ಲಿ.

ಈಡನ್ನಿನ ಸಾವುಗಳಲ್ಲಿಯೂ ಎರಡು ಪಾಲು ಉಂಟು. ಕಲ್ಲು ತೂರಿದ ಕೈಯ ಪಾಲು ಒಂದು. ಬದ್ಧವೈರಿಗಳನ್ನು ಒಂದೇ ಗ್ಯಾಲರಿಯಲ್ಲಿ ತುಂಬಿ ಮೆಟ್ಟಿಲುಗಳನ್ನು ಮರೆತವರ ಪಾಲು ಇನ್ನೊಂದು. ಮೊದಲನೆಯದನ್ನು ಎಲ್ಲರೂ ಕಾಣುತ್ತಾರೆ. ಎರಡನೆಯದು ಕಡತಗಳಲ್ಲಿ ಮುಚ್ಚಿಹೋಗುತ್ತದೆ. ಕನ್ನಡಿಗರಿಗೆ ಇದು ದೂರದ ಮಾತಲ್ಲ. 2025ರ ಜೂನ್ 4ರಂದು ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದ ಬಾಗಿಲುಗಳ ಬಳಿ 11 ಮಂದಿ ಕಾಲ್ತುಳಿತಕ್ಕೆ ಬಲಿಯಾದರು. ಅಲ್ಲಿ ವೈರಿಗಳೇ ಇರಲಿಲ್ಲ. ಬಂದಿದ್ದವರೆಲ್ಲ ಒಂದೇ ತಂಡದ ಗೆಲವಿಗೆ ನಲಿಯಲು ಬಂದವರು. ದ್ವೇಷವಿಲ್ಲದೆಯೂ ಜನ ಸಾಯಬಹುದಾದರೆ, ದ್ವೇಷವಿದ್ದಲ್ಲಿ ಬಾಗಿಲಿನ ಕಾವಲು ಎಷ್ಟು ಎಚ್ಚರದಿಂದಿರಬೇಕು!

ಕಲ್ಕತ್ತ ಪಾಠ ಕಲಿಯಲಿಲ್ಲವೆನ್ನಲಾಗದು. 1984ರಲ್ಲಿ ನಗರದ ಪೂರ್ವದ ಸಾಲ್ಟ್ ಲೇಕಿನಲ್ಲಿ ವಿಶಾಲವಾದ ಹೊಸ ಕ್ರೀಡಾಂಗಣ ತೆರೆಯಿತು. 1997ರ ಜುಲೈ 13ರಂದು ಇದೇ ಎರಡು ತಂಡಗಳ ಪಂದ್ಯಕ್ಕೆ ಅಲ್ಲಿ ಸೇರಿದ್ದವರು 1,31,781 ಮಂದಿ. ಎರಡು ಪಕ್ಷಗಳಿಗೂ ಬೇರೆ ಬೇರೆ ಗ್ಯಾಲರಿ, ಬೇರೆ ಬೇರೆ ಬಾಗಿಲುಗಳಾದವು. ಆದರೂ 2012ರ ಡಿಸೆಂಬರ್ 9ರಂದು ಪ್ರೇಕ್ಷಕರ ಕಡೆಯಿಂದ ಬಂದ ಕಲ್ಲು ಮೋಹನ ಬಾಗಾನಿನ ರಹೀಂ ನಬಿಯ ಕೆನ್ನೆಯ ಮೂಳೆಯನ್ನು ಮುರಿಯಿತು. ಆತ ಹಿಂದೆ ಈಸ್ಟ್ ಬೆಂಗಾಲಿನ ಅಂಗಿಯನ್ನೂ ತೊಟ್ಟವನು! ಮೋಹನ ಬಾಗಾನ್ ದ್ವಿತೀಯಾರ್ಧಕ್ಕೆ ಅಂಗಣಕ್ಕಿಳಿಯಲಿಲ್ಲ. ಅದಕ್ಕಾಗಿ ವಿಧಿಸಿದ ಎರಡು ವರ್ಷಗಳ ನಿಷೇಧವನ್ನು ಬಳಿಕ ತೆಗೆದು, 2 ಕೋಟಿ ರೂಪಾಯಿ ದಂಡ ಹಾಕಲಾಯಿತು. 2025ರ ಡಿಸೆಂಬರ್ 13ರಂದು ಅರ್ಜೆಂಟೀನಾದ ಮೆಸ್ಸಿ ಅಲ್ಲಿಗೆ ಬಂದು ಅಲ್ಪಹೊತ್ತಿನಲ್ಲಿಯೇ ಹೊರಟುಹೋದಾಗ, ದುಬಾರಿ ಹಣ ತೆತ್ತೂ ಕಣ್ತುಂಬ ನೋಡಲಾಗದ ಜನ ಕುರ್ಚಿಗಳನ್ನು ಕಿತ್ತು ಎಸೆದರು.

ಒಂದೇ ಹೆಗಲು

ಇಷ್ಟನ್ನೇ ಹೇಳಿ ಮುಗಿಸಿದರೆ ಕಲ್ಕತ್ತೆಗೆ ಅನ್ಯಾಯವಾದೀತು. 2024ರ ಆಗಸ್ಟ್ 9ರಂದು ನಗರದ ಆರ್.ಜಿ. ಕರ್ ಆಸ್ಪತ್ರೆಯಲ್ಲಿ ಕರ್ತವ್ಯದಲ್ಲಿದ್ದ ತರುಣ ವೈದ್ಯೆಯೊಬ್ಬರ ಮೇಲೆ ಅತ್ಯಾಚಾರ ನಡೆದು, ಆಕೆಯ ಕೊಲೆಯಾಯಿತು. ಊರೇ ಬೀದಿಗಿಳಿಯಿತು. ಆಗಸ್ಟ್ 18ರಂದು ಡ್ಯೂರಾಂಡ್ ಕಪ್ಪಿನಲ್ಲಿ ಎರಡು ತಂಡಗಳೂ ಸೆಣಸಬೇಕಾಗಿತ್ತು. ಭದ್ರತೆಯ ಕಾರಣ ಹೇಳಿ ಪಂದ್ಯವನ್ನು ರದ್ದುಪಡಿಸಲಾಯಿತು. ಆದರೂ ಅಭಿಮಾನಿಗಳು ಸಾಲ್ಟ್ ಲೇಕಿನ ಬಾಗಿಲಿಗೆ ಬಂದರು. ಹಸುರು–ಕಂದುಗೆಂಪಿನವರು ಬಂದರು, ಕೆಂಪು–ಹೊನ್ನಿನವರು ಬಂದರು, ಮೂರನೆಯ ಹಳೆಯ ತಂಡವಾದ ಮಹಮ್ಮಡನ್ ಸ್ಪೋರ್ಟಿಂಗಿನ ಕಪ್ಪು–ಬಿಳುಪಿನವರೂ ಬಂದರು. ಬಂದದ್ದು ಕಾದಾಡಲಿಕ್ಕಲ್ಲ, ಸತ್ತವಳಿಗೆ ನ್ಯಾಯ ಕೇಳಲಿಕ್ಕೆ. ಒಂದು ತಂಡದ ಅಭಿಮಾನಿ ಇನ್ನೊಂದು ತಂಡದವನ ಹೆಗಲೇರಿ ಕೂಗುತ್ತಿದ್ದ ಚಿತ್ರವನ್ನು ದೇಶವೆಲ್ಲ ಕಂಡಿತು. ಪೊಲೀಸರು ಲಾಠಿ ಬೀಸಿದರು. ಏಟು ತಿಂದವರಲ್ಲಿ ಘೋಟಿ ಯಾರು, ಬಾಂಗಾಲ್ ಯಾರು ಎಂದು ಯಾರೂ ಕೇಳಲಿಲ್ಲ.

ಎರಡು ತಿಂಗಳ ತರುವಾಯ, ಅಕ್ಟೋಬರ್ 19ರಂದು, ಅದೇ ಕ್ರೀಡಾಂಗಣದಲ್ಲಿ ಎರಡು ತಂಡಗಳೂ ಮತ್ತೆ ಎದುರಾದವು. ಮೋಹನ ಬಾಗಾನ್ 2-0 ಗೋಲುಗಳಿಂದ ಗೆದ್ದಿತು. ಆಗಸ್ಟಿನಲ್ಲಿ ಒಟ್ಟಿಗೆ ನಿಂತವರು ಮತ್ತೆ ಬೇರೆ ಬೇರೆ ಗ್ಯಾಲರಿಗಳಲ್ಲಿ ಕುಳಿತು ತಮ್ಮ ತಮ್ಮ ಬಾವುಟವನ್ನು ಬೀಸಿದರು. ಅದರಲ್ಲಿ ತಪ್ಪೇನೂ ಇಲ್ಲ. ದಾಯಾದಿಗಳ ಜಗಳ ಇದ್ದೇ ಇರುತ್ತದೆ. ಇಲಿಶ್ ಮತ್ತು ಸೀಗಡಿಗಳ ವಾದವೂ ಮುಗಿಯುವಂಥದಲ್ಲ. ಆಟ ನೋಡಲು ಮನೆಯಿಂದ ಹೊರಟ ಮಗ ರಾತ್ರಿಯ ಊಟಕ್ಕೆ ಮನೆ ಸೇರಬೇಕು. 1980ರಲ್ಲಿ 16 ಮನೆಗಳಿಗೆ ದಕ್ಕದೆ ಹೋದುದು ಅಷ್ಟೇ.